ಪತ್ತರಮೂತಿಯ ಮಾಸ್ತರು

ಅವರ ಗಡ್ಡ ಮದರಂಗಿ ಹಚ್ಚಿದ ಕೆಂಪು. ಪಾಠ ಮುಗಿಯುವಷ್ಟರಲ್ಲಿ ಅದು ಬೂದಿ ಬಳಿದಂತಾಗಿರುತ್ತಿತ್ತು. ಸೀಮೆಸುಣ್ಣ ಹಿಡಿದ ಕೈಯಿಂದಲೇ ಗಡ್ಡ ನೀವಿಕೊಳ್ಳುವ ಅಭ್ಯಾಸ. ಕನ್ನಡದ ಶಬ್ದ ಸಿಗದೆ ತಡಕಾಡಿದಷ್ಟೂ ಬಿಳುಪು ಏರುತ್ತಿತ್ತು. ಶಹಾಬಾದಿನ ನಮ್ಮ ಶಾಲೆಯ ವಿಜ್ಞಾನದ ಮಾಸ್ತರು ಎಂದರೆ ನನ್ನ ಕಣ್ಣಿಗೆ ಮೊದಲು ಬರುವುದು ಆ ಗಡ್ಡವೇ.

ಅವರು ಹೈದರಾಬಾದ್ ಶಹರದವರು. ನಿಜಾಮರ ಕಾಲದಲ್ಲಿ ಉರ್ದುವಿನಲ್ಲಿ ಪಾಠ ಹೇಳಲು ಬಂದವರು. ಪೊಲೀಸ್ ಕಾರ್ಯಾಚರಣೆ ಮುಗಿದು ಶಾಲೆಗಳು ಕನ್ನಡಕ್ಕೆ ತಿರುಗಿದಾಗ ಅವರ ಬಾಯಿಗೆ ಬೀಗ ಬಿದ್ದಂತಾಯಿತು. ಸಂತೆಯಲ್ಲಿ ಬದನೆಕಾಯಿ ಕೊಳ್ಳುವಷ್ಟು ಕನ್ನಡ ಗೊತ್ತು, ಅಕ್ಷರ ಒಂದೂ ಬಾರದು. ಅವರ ಜೊತೆಯವರಲ್ಲಿ ಕೆಲವರು ವರ್ಗ ಮಾಡಿಸಿಕೊಂಡರು, ಕೆಲವರು ದೇಶವನ್ನೇ ಬಿಟ್ಟರು. ಆ ದಿನಗಳ ಗಲಭೆಯಲ್ಲಿ ಊರಿಗಾದ ಗಾಯಗಳೂ ಹಸಿಯಾಗಿದ್ದವು. ನೆಲಕ್ಕೆ ಹಾಸುವ ಫರ್ಸಿಕಲ್ಲಿನ ವ್ಯಾಪಾರಿಯಾಗಿದ್ದ ನಮ್ಮಪ್ಪ ಊಟಕ್ಕೆ ಕೂತಾಗ, "ಆ ಮಾಸ್ತರ್ ಇನ್ನಾ ಯಾಕ ಇದ್ದಾನ? ಹುಡುಗೀಗಿ ಸಾಲಿ ಬಿಡಸು" ಎಂದಿದ್ದ. ಅವ್ವ ರೊಟ್ಟಿ ಬಡಿಯುತ್ತಲೇ, "ಬಿಡಸಂಗಿಲ್ಲ" ಎಂದಳು. ಹಾಗಾಗಿ ನಾನು ಉಳಿದೆ. ಮಾಸ್ತರೂ ಉಳಿದರು.

ಆ ವರ್ಷದ ಮೊದಲ ಪಾಠಕ್ಕೆ ಅವರು ಬರಿಗೈಯಲ್ಲಿ ಬಂದರು.

"ನೋಡ್ರಿ, ನನಗ ಕನ್ನಡ ಬರಲ್ಲ, ನಿಮಗ ಸೈನ್ಸ್ ಬರಲ್ಲ. ಹಿಸಾಬ್ ಬರಾಬರ್. ಕನ್ನಡ ಕಿತಾಬ್ ಇನ್ನಾ ಬಂದಿಲ್ಲ. ನಾವೇ ಒಂದು ಜಾನವರ್ ಮಾಡೋಣ. ಅವನ್ನ ಯಾರೂ ನೋಡಿಲ್ಲ."

"ಅವನ್ನ ಅಲ್ರಿ ಸರ್, ಅದನ್ನ!" ಎಂದು ಹಿಂದಿನ ಸಾಲಿನಿಂದ ಯಾರೋ ಕೂಗಿದರು. ಎಲ್ಲರೂ ನಕ್ಕೆವು. ಅವರೂ ನಕ್ಕು, "ಅದನ್ನ" ಎಂದು ತಿದ್ದಿಕೊಂಡರು. ಅವರ ಕನ್ನಡದಲ್ಲಿ ಅಪ್ಪ ಹೋದಳು, ಅವ್ವ ಬಂದ. ಪ್ರಾಣಿಗಾದರೆ ಕನ್ನಡದಲ್ಲಿ ಯಾವಾಗಲೂ 'ಅದು'. ಅಲ್ಲಿ ಎಡವುವ ಭಯ ಕಡಿಮೆ.

ಹಲಗೆಯ ಮೇಲೆ ಅವರು ಒಂದು ದೇಶ ಬರೆದರು. ಕಣ್ಣು ಹಾಯುವಷ್ಟೂ ಫರ್ಸಿ, ಹಿಡಿ ಮಣ್ಣಿಲ್ಲ. ಮಳೆ ಬಿದ್ದರೆ ನೀರು ಸಂದಿಯಲ್ಲಿ ಇಳಿದು ಕೆಳಗೆ ನಿಲ್ಲುತ್ತದೆ. ಅಲ್ಲಿ ಬದುಕುವ ಪ್ರಾಣಿ ಹೇಗಿರಬೇಕು? ಒಬ್ಬ ರೆಕ್ಕೆ ಕೊಟ್ಟ. "ರೆಕ್ಕಿ ಇದ್ರ ಸಂದಿನಾಗ ಹ್ಯಾಂಗ ಹೋಗ್ತದ?" ಎಂದರು ಮಾಸ್ತರು. ರೆಕ್ಕೆ ಅಳಿಸಿಹೋಯಿತು. ನಾನು ಎದ್ದು ಹುಲ್ಲು ತಿನ್ನಿಸಿದೆ. "ಮಣ್ಣಿಲ್ಲ, ಹುಲ್ಲು ಎಲ್ಲಿಂದ ಬಂತವ್ವಾ? ಕಾರಣ ಹೇಳು." ಮರುದಿನ ಅಪ್ಪನ ಅಂಗಡಿಯ ಹಿಂದೆ ಒಟ್ಟಿದ್ದ ಕಲ್ಲುಗಳ ನೆರಳಲ್ಲಿ ಹಸಿರು ಪಾಚಿ ಕಂಡು, ಓಡಿ ಹೋಗಿ ಹೇಳಿದೆ. ಅವರು ಗಡ್ಡ ನೀವಿ, "ಶಾಬ್ಬಾಸ್! ಪಾಚಿ ತಿಂತಳು" ಎಂದರು. "ತಿಂತದ!" ಎಂದು ಇಡೀ ತರಗತಿ ಕೂಗಿತು.

ರೊಟ್ಟಿಯಷ್ಟು ತೆಳುವಾದ ಮೈ, ಉಳಿಯಂಥ ಮೂತಿ, ಇಬ್ಬನಿ ಹೀರುವ ಚರ್ಮ. ಕಲ್ಲಿಗೆ ಅವರ ಮಾತಿನ 'ಪತ್ತರ್', ಮುಖಕ್ಕೆ ನಮ್ಮ 'ಮೂತಿ'. ಹೆಸರು ಪತ್ತರಮೂತಿ.

ಅಷ್ಟರಲ್ಲಿ ಹುಕುಂ ಬಂತು: ಕನ್ನಡ ಪರೀಕ್ಷೆ ಪಾಸಾಗದ ಮಾಸ್ತರರಿಗೆ ಇಲ್ಲಿ ನೌಕರಿ ಇಲ್ಲ. ಅವರು ಬರೆದರು, ನಪಾಸಾದರು. ಸುದ್ದಿ ಬೇರೆಯವರ ಬಾಯಿಂದ ಬರುವ ಮೊದಲೇ ತರಗತಿಗೆ ಬಂದು ಹೇಳಿದರು: "ನಾ ಫೇಲ್. ಮತ್ತ ಬರೀತೀನಿ. ಪತ್ತರಮೂತಿ ಇವತ್ತು ಮರಿ ಹಾಕ್ತದ, ಎಲ್ಲಿ ಹಾಕ್ತದ ಹೇಳ್ರಿ."

ಅಂದಿನಿಂದ ಕನ್ನಡದ ಪಿರಿಯಡ್ಡಿಗೆ ನಮ್ಮ ಬೆಂಚಿನಲ್ಲೇ ಬಂದು ಕೂರತೊಡಗಿದರು. ಮೊಳಕಾಲು ಮೇಜಿಗೆ ತಾಕುತ್ತಿತ್ತು. ಹೊಸದಾಗಿ ಬಂದ ಕನ್ನಡ ಮಾಸ್ತರು ಸಂಕೋಚಪಟ್ಟು, "ನೀವು ಕುರ್ಚಿ ಮ್ಯಾಲ ಕುಂದ್ರಿ" ಎಂದರೆ, "ಇಲ್ಲಿ ನಾ ಮಾಸ್ತರ್ ಅಲ್ರಿ, ಕಲೀಲಿಕತ್ತೀನಿ" ಎನ್ನುತ್ತಿದ್ದರು. ಕಾಗುಣಿತ ತಪ್ಪಿದರೆ ನಮ್ಮ ಜೊತೆಗೇ ಎದ್ದು ನಿಲ್ಲುತ್ತಿದ್ದರು.

ಒಂದು ದಿನ ತಪಾಸಣೆಗೆ ಸಾಹೇಬರು ಬಂದರು. ಹಲಗೆಯ ಚಿತ್ರ ನೋಡಿ ಹುಬ್ಬು ಗಂಟಿಕ್ಕಿದರು.

"ಇದು ಎಲ್ಲಿರುತ್ತದೆ?" ಎಂದು ನನ್ನನ್ನೇ ಕೇಳಿದರು.

"ಎಲ್ಲೂ ಇಲ್ರಿ."

"ಇಲ್ಲದ ಪ್ರಾಣಿಯ ಪಾಠದಲ್ಲಿ ತಪ್ಪು ಯಾವುದು, ಸರಿ ಯಾವುದು?"

ಮಾಸ್ತರ ಕೈ ಗಡ್ಡಕ್ಕೆ ಹೋಗಲಿಲ್ಲ. "ಒಂದು ತಪ್ಪು ಹೇಳಿ ನೋಡ್ರಿ ಸಾಹೇಬ್ರ" ಎಂದರು.

ಸಾಹೇಬರು ಬೇಸರದಿಂದ, "ಇದು ಹಗಲೆಲ್ಲ ಕಲ್ಲಿನ ಮೇಲೆ ಬಿಸಿಲು ಕಾಯಿಸುತ್ತದೆ" ಎಂದರು.

"ಇಲ್ರಿ!" ಎಂದು ತರಗತಿ ಒಂದೇ ದನಿಯಲ್ಲಿ ಒದರಿತು. ನಾನು ಹೇಳಿದೆ: "ಅದು ಚರ್ಮದಿಂದ ನೀರು ಕುಡೀತದ್ರಿ. ಬಿಸಿಲಿಗೆ ಚರ್ಮ ಒಣಗಿದ್ರ ಸಾಯ್ತದ."

ಸಾಹೇಬರು ಹಲಗೆಯ ಹತ್ತಿರ ಹೋಗಿ ಚಿತ್ರವನ್ನು ಮತ್ತೆ ನೋಡಿದರು. "ಕಪ್ಪೆಯೂ ಹಾಗೇ ಅಲ್ಲವೆ?" ಎಂದರು.

"ಹೌದ್ರಿ," ಎಂದರು ಮಾಸ್ತರು. "ನಾಳೆ ಕಪ್ಪಿ ಪಾಠ."

ಎರಡನೆಯ ಸಲ ಅವರು ಪರೀಕ್ಷೆ ಪಾಸಾದರು. ಆ ರಾತ್ರಿ ಅಪ್ಪ ಊಟಕ್ಕೆ ಕೂತ. ರೊಟ್ಟಿ ಮುರಿಯುತ್ತ, ನನ್ನ ಕಡೆ ನೋಡದೆ, "ಆ ಪತ್ತರಮೂತಿ ಮರಿ ಎಲ್ಲಿ ಹಾಕ್ತದ?" ಎಂದು ಕೇಳಿದ.

ಕೆಲವು ವರ್ಷಗಳ ಮೇಲೆ, ಭಾಷೆಯ ಲೆಕ್ಕದಲ್ಲಿ ರಾಜ್ಯ ಒಡೆದು ಹಂಚುವ ಮಾತು ಬಂದಾಗ, ತಮ್ಮಂದಿರು ಅವರನ್ನು ಹೈದರಾಬಾದಿಗೆ ಕರೆದರು. ಅವರು ಹೋಗಲಿಲ್ಲ. "ಇಷ್ಟು ಕಷ್ಟಪಟ್ಟು ಕನ್ನಡ ಕಲ್ತೀನಿ. ಅಲ್ಲಿ ಒಯ್ದು ಯಾರಿಗಿ ಕೊಡ್ಲಿ?" ಎಂದರಂತೆ.

ಅದೇ ವರ್ಷ ನಾನು ಮಾಸ್ತರಿಣಿಯಾಗಿ ಚಿಂಚೋಳಿಯ ಗಡಿಯ ಒಂದು ಹಳ್ಳಿಗೆ ಹೋದೆ. ಮಕ್ಕಳ ಮನೆಮಾತು ತೆಲುಗು. ರಜೆಗೆ ಬಂದಾಗ ಮಾಸ್ತರು ಹಾಸಿಗೆ ಹಿಡಿದಿದ್ದರು. ನೋಡಲು ಹೋಗಿ, "ನಾ ಹೇಳಿದ್ದು ಹುಡುಗರಿಗಿ ತಿಳೀವಲ್ದು ಸರ್" ಎಂದು ಗೋಳಾಡಿದೆ. ಅವರು ಮೊಣಕೈ ಊರಿ ಎದ್ದು ಕೂತರು.

"ಅವರಿಗಲ್ಲ, ನಿನಗ ತಿಳೀವಲ್ದು. ಹೋಗು, ಅವರ ಕಡೆ ಕಲಿ. ನಾಚಬ್ಯಾಡ."

ಹೋದೆ. ಮಕ್ಕಳ ನಡುವೆ ಕೂತು ತೆಲುಗು ಕಲಿಯತೊಡಗಿದೆ. ಮಳೆಗಾಲ ಮುಗಿಯುವ ಮುನ್ನ, ಶಹಾಬಾದಿನಿಂದ ಬಂದವರೊಬ್ಬರು ಮಾಸ್ತರು ತೀರಿಕೊಂಡ ಸುದ್ದಿ ತಂದರು. ನಾನು ತಲುಪುವಷ್ಟರಲ್ಲಿ ಮಣ್ಣಾಗಿತ್ತು. ಮರಳಿ ಬಂದ ದಿನ, ಎಲ್ಲಿಗೆ ಹೋಗಿದ್ದಿರಿ ಎಂದು ಮಕ್ಕಳು ಕೇಳಿದರು. ಹರಕು ತೆಲುಗಿನಲ್ಲಿ, "ಮಾ ಸಾರು ಚನಿಪೋಯಿನಾಡು" ಎಂದೆ. ನಮ್ಮ ಮಾಸ್ತರು ಸತ್ತ, ಎಂದಂತಾಯಿತು.

ಮುಂದೆ ಕೂತಿದ್ದ ಪುಟ್ಟ ಹುಡುಗಿ ಮೆಲ್ಲಗೆ ತಲೆಯಾಡಿಸಿದಳು. "ಚನಿಪೋಯಿನಾರು ಅನಬೇಕು ಟೀಚರ್. ದೊಡ್ಡವರಲ್ಲೇನು?"

ನಾನು ಎದ್ದು ನಿಂತು, ಅವಳು ಹೇಳಿಕೊಟ್ಟಂತೆ ಹೇಳಿದೆ.