ಸೊಟ್ಟ ತೋಳಿನ ಗ್ಯಾಲಕ್ಸಿ

ಕೇಸರಿಬಾಯಿಯ ಬಾಯಿ ಜೋರು ಎಂದು ಕೋಲ್ವಾ ಕಡಲ ದಂಡೆಯಲ್ಲಿ ಎಲ್ಲರೂ ಹೇಳುತ್ತಾರೆ. ಜೋರಾಗದೆ ಮತ್ತೇನಾಗಬೇಕಿತ್ತು? ವಿಜಯಪುರದ ಕಡೆಯ ಲಂಬಾಣಿ ತಾಂಡಾದಿಂದ ಮದುವೆಯಾಗಿ ಬಂದವಳು. ಮರಳಿನ ಮೇಲೆ ಕಸೂತಿ ಚೀಲ ಹರಡಿ ಕೂತರೆ ಸಾಕು, ಕಾವಲಿನವರು ಬಂದು ಎಬ್ಬಿಸುತ್ತಿದ್ದರು. ಮೆತ್ತಗೆ ಮಾತಾಡಿದ ದಿನ ವ್ಯಾಪಾರವೂ ಹೋಯಿತು, ಗಂಟೂ ಹೋಯಿತು. ಅಂದಿನಿಂದ ದನಿ ಏರಿತು. ಜನಕ್ಕೆ ಅವಳ ಬಾಯಿ ಕಾಣುತ್ತದೆ, ಎಬ್ಬಿಸಿದವರು ಕಾಣುವುದಿಲ್ಲ.

ಈ ವರ್ಷ ಮಡಗಾಂವಿನ ಬಟ್ಟೆ ಅಂಗಡಿಯ ಆನಂದ ಅವಳಿಗೊಂದು ಕೆಲಸ ಹೇಳಿದ. ಯಾವುದೋ ಹೋಟೆಲಿನ ಗೋಡೆಗೆ ಗ್ಯಾಲಕ್ಸಿಯ ಕಸೂತಿ ಬೇಕಂತೆ. ಅವನು ಕೊಟ್ಟ ಫೋಟೊದಲ್ಲಿ ಕೋಟಿಗಟ್ಟಲೆ ನಕ್ಷತ್ರಗಳ ಸುರುಳಿ. ನಡುವೆ ಬೆಳಕಿನ ನೆಟ್ಟನೆಯ ಪಟ್ಟಿ, ಅದರ ಎರಡು ತುದಿಯಿಂದ ಹೊರಟ ಎರಡು ತೋಳು. ಬದಿಗೆ ಇನ್ನೊಂದು ಪುಟ್ಟ ಗ್ಯಾಲಕ್ಸಿ. ಅದರ ಕಡೆಗಿನ ತೋಳು ಮಾತ್ರ ಸೊಟ್ಟ.

ಫೋಟೊ ಕೆಟ್ಟಿದೆ ಎಂದುಕೊಂಡು ಕೇಸರಿಬಾಯಿ ಎರಡೂ ತೋಳನ್ನು ಸರಿಸಮ ಹೊಲಿದು ತಂದಳು. ತಾಂಡಾದ ಕೈ ಅದು. ಎಡಕ್ಕೊಂದು ಕನ್ನಡಿ ಚೂರು ಕೂರಿಸಿದರೆ ಬಲಕ್ಕೂ ಒಂದು ಕೂರಲೇಬೇಕು. ತಪ್ಪಿದರೆ ಅತ್ತೆ ರಾಮಿಬಾಯಿ ನಾಲ್ಕು ಜನರ ಮುಂದೆ ಮಾನ ಕಳೆಯುತ್ತಿದ್ದಳು.

ಆನಂದನ ಹೆಂಡತಿ ಮಲ್ಲಿಕಾ ಅವಳನ್ನು ಪಕ್ಕದಲ್ಲಿ ಕೂರಿಸಿಕೊಂಡು ಹೇಳಿದಳು. "ಫೋಟೊ ಕೆಟ್ಟಿಲ್ಲ, ಯವ್ವಾ. ಬಾಜೂದ ಸಣ್ಣದು ಇದನ್ನ ಎಳ್ಯಾಕತ್ತೈತಿ. ಅದಕ್ಕ ತೋಳು ಹಂಗ ಆಗೈತಿ."

ಕೇಸರಿಬಾಯಿ ಮನೆಗೆ ಹೋಗಿ ಆ ತೋಳನ್ನು ಬಿಚ್ಚಿ ಮತ್ತೆ ಹೊಲಿದಳು. ಬೇಕೆಂದೇ ಸೊಟ್ಟ ಹೊಲಿದದ್ದು ಜೀವಮಾನದಲ್ಲೇ ಮೊದಲು. ಅವಳಿಗಾದ ಖುಷಿ ಅಷ್ಟಿಷ್ಟಲ್ಲ.

ಆದರೆ ಆನಂದ ತರಿಸಿದ ಚೌಕಟ್ಟು ಚಿಕ್ಕದಾಯಿತು. ಅವನು ಕತ್ತರಿ ಎತ್ತಿಕೊಂಡ.

"ಬಾಜೂದ ಸಣ್ಣದನ್ನ ತಗದ್ರ ಬರೋಬರಿ ಕೂಡ್ತೈತಿ, ಕೇಸರಿಬಾಯಿ. ಅದನ್ನ ಯಾರು ನೋಡ್ತಾರ?"

ಅವಳು ಬಟ್ಟೆಯ ಮೇಲೆ ಅಂಗೈ ಊರಿದಳು. "ಎಳದದ್ದನ್ನ ತಗದ್ರ, ತೋಳು ಯಾಕ ಸೊಟ್ಟ ಆತು ಅಂತ ಯಾರಿಗೆ ತಿಳೀತೈತ್ರಿ? ಕೇಸರಿ ಕೈನ ಸೊಟ್ಟ ಅಂತಾರ."

"ಹೋಟೆಲಿನವ್ರು ಇವತ್ತ ಬರ್ತಾರ, ಯವ್ವಾ. ಹಟ ಹಿಡದ್ರ ಆರ್ಡರ್ ಹೋಗ್ತೈತಿ."

"ಹೋಗ್ಲಿ ಬಿಡ್ರಿ, ಸಾವ್ಕಾರ್ರ. ನನ್ನ ಬಾಯೀದು ಇದ ಕತಿ ಆಗೈತಿ. ಕೈದೂ ಆಗೂದು ಬ್ಯಾಡ."

ಬಟ್ಟೆ ಅವಳದೇ, ದಾರವೂ ಅವಳದೇ. ಸುತ್ತಿ ಕಂಕುಳಲ್ಲಿಟ್ಟುಕೊಂಡು ಕೋಲ್ವಾ ಬಸ್ಸು ಹತ್ತಿದಳು. ಅಷ್ಟು ದಿನದ ಕೆಲಸ ನೀರುಪಾಲಾಯಿತು, ನಿಜ. ಆದರೂ ಹಿಂತಿರುಗಿ ನೋಡಲಿಲ್ಲ.

ಮರುದಿನ ಬೆಳಿಗ್ಗೆ ಮರಳಿನ ಮೇಲೆ ಆ ಬಟ್ಟೆಯನ್ನು ಪೂರ್ತಿ ಬಿಡಿಸಿ ಹಾಸಿದಳು. ಕಾವಲಿನವನು ಎಂದಿನಂತೆ ಏಳು ಎನ್ನಲು ಬಂದ. ಬಿಸಿಲಿಗೆ ಕನ್ನಡಿಗಳು ಹೊಳೆದದ್ದಕ್ಕೋ ಏನೋ, ಬಗ್ಗಿ ನೋಡಿದ. ಎಲ್ಲ ಸರಿಯಾಗಿದೆ, ಈ ತೋಳು ಮಾತ್ರ ಯಾಕೆ ಸೊಟ್ಟ ಎಂದು ಕೇಳಿದ.

ಕೇಸರಿಬಾಯಿ ಪುಟ್ಟ ಗ್ಯಾಲಕ್ಸಿಯ ಮೇಲೆ ಬೆರಳಿಟ್ಟಳು. "ಇದು ಎಳದೈತಿ," ಎಂದು ಹೇಳಿ ಅವನ ಮುಖವನ್ನೇ ನೋಡುತ್ತ ಕೂತಳು. ಆ ದಿನ ಅವನು ಎಬ್ಬಿಸಲಿಲ್ಲ, ಅವಳು ಗಂಟು ಕಟ್ಟಲಿಲ್ಲ.