ತಾರಸಿಯ ಧೂಳಿನಲ್ಲಿ ಒಂದು ‘ಇರಬಹುದು’

ಬೆಳಗಿನ ಆರು ಗಂಟೆ. ವಿದ್ಯಾರಣ್ಯಪುರಂನ ಮನೆಯೊಂದರ ತಾರಸಿಯ ಮೇಲೆ ಏಕಾಂತಯ್ಯ ಮಂಡಿಯೂರಿ ಕೂತಿದ್ದಾರೆ. ನೀರಿನ ಟ್ಯಾಂಕ್ ತೊಳೆದಾಗಿದೆ. ಬೇರೆಯವರಾಗಿದ್ದರೆ ಪೊರಕೆ ಎತ್ತಿಕೊಂಡು ಇಳಿದುಬಿಡುತ್ತಿದ್ದರು. ಇವರು ಮಾತ್ರ ಮಳೆನೀರಿನ ಕೊಳವೆಯ ಬಾಯಲ್ಲಿ ಕಟ್ಟಿರುವ ಕಪ್ಪು ಹೂಳನ್ನು, ತುಪ್ಪದ ಪಾತ್ರೆ ಬಳಿಯುವ ಹಾಗೆ ಬೆರಳಲ್ಲಿ ಬಳಿದು ಹಾಲಿನ ಪ್ಯಾಕೆಟ್ಟಿಗೆ ತುಂಬುತ್ತಿದ್ದಾರೆ. “ಆಯ್ತೇನ್ರೀ?” ಎಂದು ಕೆಳಗಿನಿಂದ ದನಿ ಬರುತ್ತದೆ. “ಆಯ್ತು ಬುಡಿ,” ಎನ್ನುತ್ತಾರೆ, ಆಗದೇ ಇದ್ದರೂ.

ಅವರು ಹುಡುಕುತ್ತಿರುವುದು ಉಲ್ಕೆಯನ್ನು. ನಗಬೇಡಿ. ಆಕಾಶದಿಂದ ಬೀಳುವುದೆಲ್ಲ ಬಂಡೆಯೇ ಆಗಿರಬೇಕೆಂದು ಯಾರು ಹೇಳಿದರು? ರವೆಗಿಂತ ಸಣ್ಣ ಕಾಳುಗಳೂ ಬೀಳುತ್ತವೆ, ನಿಮ್ಮ ಸೂರು, ನಮ್ಮ ಸೂರು ಎಂಬ ಭೇದವಿಲ್ಲದೆ. ನಾವು ಗುಡಿಸಿ ಚರಂಡಿಗೆ ಬಿಡುತ್ತೇವೆ, ಅಷ್ಟೇ.

ಏಕಾಂತಯ್ಯನವರಿಗೆ ಈಗ ಐವತ್ತೆಂಟು. ಕೆಸರೆಯಲ್ಲಿ ಒಂದೇ ಕೋಣೆಯ ಮನೆ. ಮದುವೆ ಆಗಲಿಲ್ಲ, ಏಕೆಂದು ಕೇಳಿದರೆ ಟ್ಯಾಂಕಿನ ಪಾಚಿಯ ಮಾತು ತೆಗೆಯುತ್ತಾರೆ. ದಿನಕ್ಕೆ ಎರಡು ಅಥವಾ ಮೂರು ಟ್ಯಾಂಕ್, ಇಪ್ಪತ್ತೆರಡು ವರ್ಷದಿಂದ. “ಈ ಊರಿನ ಜನಕ್ಕಿಂತ ಟ್ಯಾಂಕೇ ಹೆಚ್ಚು ಪರಿಚಯ ನಂಗೆ. ನಂಜೊತೆ ತಾರಸಿ ಹತ್ತಿದೋರು ಒಬ್ರೇ ಕಣ್ರೀ, ವಾಗೀಶ ಮೇಷ್ಟ್ರು.”

ವಾಗೀಶ ಇದೇ ಮನೆಯ ಯಜಮಾನರು, ಕಾಲೇಜಿನಲ್ಲಿ ಭೂವಿಜ್ಞಾನ ಹೇಳುತ್ತಿದ್ದವರು. ಹನ್ನೊಂದು ವರ್ಷದ ಹಿಂದೆ ಒಂದು ದಿನ ಮೇಲೆ ಹತ್ತಿ ಬಂದು, ಹೂಳಿನಲ್ಲಿ ಅಯಸ್ಕಾಂತ ಆಡಿಸಿ, ಅಂಟಿದ ಪುಡಿಯನ್ನು ತೋರಿಸಿ, “ಇದರಲ್ಲಿ ಒಂದು ನಕ್ಷತ್ರಗಳ ಕಡೆಯಿಂದ ಬಂದದ್ದಿರಬಹುದು,” ಎಂದರಂತೆ. ಅಷ್ಟೇ ಸಾಕಾಯಿತು. ಎರಡು ವರ್ಷ ಹುಡುಕಿ, ಗುಂಡುಗುಂಡಾಗಿ ಥಳಥಳಿಸುವ ನಲವತ್ತಮೂರು ಕಾಳುಗಳನ್ನು ನಶ್ಯದ ಡಬ್ಬಿಯಲ್ಲಿ ತುಂಬಿ ಏಕಾಂತಯ್ಯ ಮೇಷ್ಟ್ರ ಮುಂದಿಟ್ಟರು. ಮೇಷ್ಟ್ರು ಸೂಕ್ಷ್ಮದರ್ಶಕಕ್ಕೆ ಕಣ್ಣು ಹಚ್ಚಿ, “ಎಲ್ಲಿ ಸಿಕ್ತು?” ಎಂದರು. ಬೋಗಾದಿಯ ಹೊಸ ಬಡಾವಣೆ. “ಪಕ್ಕದಲ್ಲಿ ಗ್ರಿಲ್ ಅಂಗಡಿ ಇತ್ತೋ?” ಇತ್ತು. ನಲವತ್ತಮೂರೂ ವೆಲ್ಡಿಂಗ್ ಕಿಡಿ ಆರಿ ಗಟ್ಟಿಯಾದ ಕಬ್ಬಿಣ.

ಬೆಳ್ಳಗಿರುವುದೆಲ್ಲ ಹಾಲಲ್ಲ ಎಂದು ಗಾದೆ ಹೇಳುತ್ತದೆ. ಇಲ್ಲಿ ಹೊಳೆದದ್ದೇ ಸುಳ್ಳು. ಅಸಲಿ ಕಾಳು ಮಂಕಾಗಿರುತ್ತದೆ, ಮೈತುಂಬ ಗೀರಿದಂಥ ಗೆರೆ. “ಅವತ್ತು ಮನೆಗೋಗಿ ಅತ್ಬುಟ್ಟೆ,” ಎನ್ನುತ್ತಾರೆ ಏಕಾಂತಯ್ಯ, ನಾಚಿಕೆಯಿಲ್ಲದೆ. ಆಮೇಲೆ ಬೋಗಾದಿಯ ಧೂಳನ್ನು ಕೈಬಿಟ್ಟರು, ದೀಪಾವಳಿಯಾದ ಮೇಲೆ ಒಂದು ತಿಂಗಳು ಯಾವ ಧೂಳನ್ನೂ ಮುಟ್ಟುವುದಿಲ್ಲ. ಪಟಾಕಿಯೂ ಇಂಥ ಗುಂಡು ಉದುರಿಸುತ್ತದೆ. ಮೇಷ್ಟ್ರು ತಮ್ಮ ಹಳೆಯ ಸೂಕ್ಷ್ಮದರ್ಶಕವನ್ನೇ ಕೊಟ್ಟರು. ಮಧ್ಯಾಹ್ನವೆಲ್ಲ ಹೂಳನ್ನು ಸೋಪಿನ ನೀರಲ್ಲಿ ತೊಳೆದು, ಒಣಗಿಸಿ, ಟೀ ಸೋಸುವ ಜಾಲರಿಯಲ್ಲಿ ಜರಡಿ ಹಿಡಿದು ನೋಡುತ್ತಾರೆ. ಪ್ರತಿ ಕಾಳಿಗೂ ನೋಟ್‌ಬುಕ್ಕಿನಲ್ಲಿ ಒಂದು ಸಾಲು, ಎದುರಿಗೆ ತೀರ್ಪು: ಅಲ್ಲ. ಅಲ್ಲ. ಅಲ್ಲ. ಸಾವಿರದ ಇನ್ನೂರು ದಾಟಿದೆ.

ಒಂದು ಸಾಲು ಮಾತ್ರ ಬೇರೆ. ನಾಲ್ಕು ವರ್ಷದ ಹಿಂದೆ ಇದೇ ತಾರಸಿಯಲ್ಲಿ ಸಿಕ್ಕ ಕಾಳು. ಅದರ ಎದುರು ಮೇಷ್ಟ್ರು ತಮ್ಮ ಕೈಯಾರೆ ‘ಇರಬಹುದು’ ಎಂದು ಬರೆದಿದ್ದಾರೆ. ಮರುವರ್ಷ ಅವರು ತೀರಿಕೊಂಡರು. ಅಂದಿನಿಂದ ಆ ಕಾಳನ್ನು ಇನ್ನೊಬ್ಬರು ನೋಡಿಲ್ಲ. ತೋರಿಸೋಣವೆಂದರೆ ಯಾರಿಗೆ? ಓಣಿಯವರಿಗೆ ಇವರು ‘ಧೂಳು ಏಕಾಂತಯ್ಯ’. ಅವರ ಎದುರು ಇವರೂ ನಗುತ್ತಾರೆ. ಕೋಣೆಗೆ ಬಂದು ಬಾಗಿಲು ಹಾಕಿದ ಮೇಲೆ ನಗು ಬರುವುದಿಲ್ಲ.

ಮೇಷ್ಟ್ರ ಮಗಳು ವಿಭಾ ಈಗ ಕಾಫಿ ಹಿಡಿದು ಮೆಟ್ಟಿಲು ಹತ್ತಿ ಬರುತ್ತಿದ್ದಾರೆ. ದೂರದ ಪ್ರಯೋಗಾಲಯವೊಂದಕ್ಕೆ ಅವರೇ ಪತ್ರ ಬರೆದಿದ್ದರು, ಉತ್ತರ ಬಂದಿದೆ: ಪರೀಕ್ಷೆ ಮಾಡಬಹುದು, ಆದರೆ ಕಾಳನ್ನು ಅರ್ಧದವರೆಗೆ ಉಜ್ಜಿ ಒಳಗನ್ನು ನೋಡಬೇಕು. ಇದ್ದ ಹಾಗೆ ವಾಪಸ್ ಬರುವುದಿಲ್ಲ. ಕೊಡುತ್ತೀರಾ ಇಲ್ಲವಾ, ಇವತ್ತು ಹೇಳಬೇಕು.

ಏಕಾಂತಯ್ಯ ಜೇಬಿನಿಂದ ಔಷಧಿಯ ಖಾಲಿ ಕ್ಯಾಪ್ಸೂಲ್ ತೆಗೆಯುತ್ತಾರೆ. ಕಾಳು ಅದರೊಳಗೇ ಇದೆ. ಭೂತಗನ್ನಡಿ ಕೊಟ್ಟು, “ನೋಡಿ ಅಮ್ಮಾವ್ರೆ,” ಎನ್ನುತ್ತಾರೆ. ವಿಭಾ ಬಹಳ ಹೊತ್ತು ನೋಡುತ್ತಾರೆ.

“ಅಪ್ಪ ‘ಇರಬಹುದು’ ಅಂದಿದ್ದಾರಲ್ಲ, ಅಷ್ಟೇ ಸಾಕು ಅಂತ ಇಟ್ಕೊಳ್ಳಿ ಬೇಕಾದ್ರೆ. ವೆಲ್ಡಿಂಗ್ ಕಿಡಿನೇ ಅಂತ ಬಂದ್ರೆ?”

“ಬಂದ್ರೆ ಅಲ್ಲ ಅಂತ ಬರ್ಕೊತೀನಿ. ಕೈ ಪಳಗ್ಬುಟ್ಟದೆ.” ಕ್ಯಾಪ್ಸೂಲನ್ನು ಮುಚ್ಚಿ, ಅಂಗೈಯಲ್ಲಿ ಒಂದು ಗಳಿಗೆ ಹಿಡಿದು, ವಿಭಾ ಕೈಯಲ್ಲಿಡುತ್ತಾರೆ. “ಅಷ್ಟು ದೂರದಿಂದ ಒಂದೇ ಬಂದದೆ ಪಾಪ. ನೀನು ಯಾರಪ್ಪಾ ಅಂತ ಅದನ್ನಾದ್ರೂ ಯಾರಾದ್ರೂ ಕೇಳ್ಲಿ.”