ದೊರೆಸಾನಿಗೆ ಯಾರದೋ ದನಿ

ನಮ್ಮವ್ವ ಹುಟ್ಟಿದ್ದು ಹಂಗೇರಿಯಲ್ಲಿ. ಡೇರಿ ಕೆಲಸ ಕಲಿಯಲು ಅಲ್ಲಿಗೆ ಹೋಗಿದ್ದ ಅಪ್ಪ ಅವಳನ್ನು ಮದುವೆಯಾಗಿ ಶೀಳನೆರೆ ಹತ್ತಿರದ ನಮ್ಮೂರಿಗೆ ಕರೆತಂದರು. ಅವಳಿಗೆ ಕನ್ನಡ ಕಲಿಸಿದ್ದು ಅಜ್ಜಿ, ಕೊಟ್ಟಿಗೆಯಲ್ಲಿ ಹಾಲು ಕರೆಯುತ್ತಾ. ಮೊದಲು ಬಂದದ್ದು ಹಸುವಿಗೆ ಬೈಯುವ ಮಾತು, ಉಳಿದದ್ದೆಲ್ಲ ಆಮೇಲೆ. ನಾನು ಹುಟ್ಟುವ ಹೊತ್ತಿಗೆ, ಕಣ್ಣು ಮುಚ್ಚಿ ಕೇಳಿದರೆ ಅತ್ತೆ ಯಾರು ಸೊಸೆ ಯಾರು ಅಂತ ಗೊತ್ತಾಗುತ್ತಿರಲಿಲ್ಲವಂತೆ.

ಸಿನಿಮಾದವರ ಕಣ್ಣಿಗೆ ಅವಳು ಬಿದ್ದದ್ದು ಗಂಜಾಂನಲ್ಲಿ. ನಿಮಿಷಾಂಬ ಗುಡಿಯಿಂದ ಪ್ರಸಾದದ ನಿಂಬೆಹಣ್ಣು ಹಿಡಿದು ಬರುತ್ತಿದ್ದಳು. ಶೂಟಿಂಗಿನ ಮ್ಯಾನೇಜರೊಬ್ಬ ಅಡ್ಡ ಬಂದು ಇಂಗ್ಲಿಷಿನಲ್ಲಿ ತಡವರಿಸತೊಡಗಿದ.

"ಕನ್ನಡದಾಗೇ ಯೋಳಪ್ಪ, ಬಸ್ಸಿಗೆ ಒತ್ತಾಯ್ತದೆ" ಅಂದಳು.

ಅವನಿಗೆ ಬೇಕಾಗಿದ್ದದ್ದು ಒಬ್ಬ ದೊರೆಸಾನಿ.

ಶ್ರೀರಂಗಪಟ್ಟಣದ ಕೋಟೆ ಗೋಡೆ ಕಂಡರೆ ಸಿನಿಮಾದವರಿಗೆ ಬ್ರಿಟಿಷರು ನೆನಪಾಗುತ್ತಾರೆ, ಬ್ರಿಟಿಷರು ನೆನಪಾದರೆ ನಮ್ಮವ್ವ. ಕಲೆಕ್ಟರನ ಹೆಂಡತಿ, ಮಿಷನ್ ಆಸ್ಪತ್ರೆಯ ನರ್ಸು, ನಾಯಕನ ಮೀಸೆಗೆ ಮರುಳಾಗುವ ಪ್ರವಾಸಿ. ನಾಗಮಂಗಲದ ಬಿಸಿಲಲ್ಲಿ ಕೊಡೆ ಹಿಡಿದು ನಿಲ್ಲುವುದು, ಕೊನೆಗೆ ಕೈಮುಗಿದು ನಮ್ಮ ಸಂಸ್ಕೃತಿಯನ್ನು ಹೊಗಳುವುದು. ಅದಕ್ಕೆಲ್ಲ ನನಗೆ ಸಿಟ್ಟಿಲ್ಲ. ಪಾತ್ರ ಅಂದಮೇಲೆ ಪಾತ್ರ.

ಮೈ ಉರಿಯುವುದು ದನಿಯ ವಿಷಯಕ್ಕೆ. ಸೆಟ್ಟಿನಲ್ಲಿ ಅವ್ವ ಆಡಿದ ಮಾತನ್ನು ತೆಗೆದುಹಾಕಿ, ಡಬ್ಬಿಂಗ್ ಕೋಣೆಯಲ್ಲಿ ಯಾವಳೋ ಹುಡುಗಿಯಿಂದ "ನಾನು ನಿನಗೆ ಪ್ರೀತಿ ಮಾಡ್ತಾನೆ" ಎಂದು ಹೇಳಿಸುತ್ತಿದ್ದರು. ಜನ ಬಿದ್ದು ಬಿದ್ದು ನಗುತ್ತಿದ್ದರು. ಕೆ.ಆರ್. ಪೇಟೆಯಿಂದ ಬರುತ್ತಿದ್ದ ಸೋದರತ್ತೆ, ಅಪ್ಪನ ತಂಗಿ, ಥಿಯೇಟರಿನಲ್ಲೇ ಎಗರಾಡುತ್ತಿದ್ದಳು. "ಯಾವಳ ಕೈಲೋ ಮಾತಾಡ್ಸವ್ರೆ! ನಮ್ಮತ್ತಿಗೆ ದನಿ ನಂಗೊತ್ತಿಲ್ವಾ?"

ಅವ್ವನಿಗೆ ಇದ್ದದ್ದು ಅದೊಂದೇ ಆಸೆ. ಒಂದು ಸಲವಾದರೂ ತೆರೆಯ ಮೇಲೆ ತನ್ನ ದನಿ ಕೇಳಬೇಕು. ಪ್ರತಿ ಸಿನಿಮಾದಲ್ಲೂ ಕೇಳಿಕೊಂಡಳು. "ಫಾರಿನ್ ಮುಖಕ್ಕೆ ಮಂಡ್ಯ ಮಾತು ಹಾಕಿದ್ರೆ ಜನ ನಂಬಲ್ಲ ಅಮ್ಮಾ" ಅಂದರು ಎಲ್ಲರೂ. ಹಾರುವ ಕಾರನ್ನು ನಂಬುತ್ತಾರೆ, ಒಂದೇ ಏಟಿಗೆ ಊರಾಚೆ ಹೋಗಿ ಬೀಳುವ ರೌಡಿಯನ್ನು ನಂಬುತ್ತಾರೆ. ಹಾಲು ಕರೆದು ಕರೆದು ಬೆರಳು ಒರಟಾದ ಹೆಂಗಸಿನ ಕನ್ನಡವನ್ನು ಮಾತ್ರ ನಂಬುವುದಿಲ್ಲವಂತೆ! ಇವರ ನಂಬಿಕೆಗಿಷ್ಟು ಬೆಂಕಿ ಹಾಕ.

ಈಚೆಗೆ ಹೊಸ ನಿರ್ದೇಶಕನೊಬ್ಬ ಒಪ್ಪಿದ. "ನೀವೇ ಡಬ್ ಮಾಡಿ. ಆದ್ರೆ ಕನ್ನಡ ಬರದವರ ಥರ ಮಾತಾಡ್ಬೇಕು."

ಮುಖಕ್ಕೆ ಉಗಿದು ಬಾ ಅಂದೆ. ಅವ್ವ ಕೇಳಲಿಲ್ಲ. ಮುದ್ದೆ ತಿರುವುತ್ತಾ ಅಭ್ಯಾಸ ಶುರು ಹಚ್ಚಿಕೊಂಡಳು. ಎಷ್ಟು ಹೆಣಗಿದರೂ ನಾಲಗೆ ತಪ್ಪಲು ಒಲ್ಲದು.

"ಪರದೇಶದೋರು ಎಂಗ್ ಮಾತಾಡ್ತಾರೆ, ವಸಿ ಯೋಳ್ಕೊಡು ಮಗ" ಎಂದು ನನ್ನನ್ನೇ ಕೇಳಿದಳು. ನಾನು ತಟ್ಟೆ ಕುಕ್ಕಿ ಎದ್ದುಹೋದೆ. ಕೊನೆಗೆ ತನ್ನ ಹಳೆಯ ಸಿನಿಮಾಗಳನ್ನೇ ಫೋನಿನಲ್ಲಿ ಹಾಕಿಕೊಂಡು, ತನ್ನ ಬಾಯಿಗೆ ದನಿ ಕೊಟ್ಟಿದ್ದ ಹುಡುಗಿಯರಿಂದ ತೊದಲುವುದನ್ನು ಕಲಿತಳು.

ಸಿನಿಮಾ ಬಿಡುಗಡೆಯಾದಾಗ ಪಾಂಡವಪುರದ ಥಿಯೇಟರಿನಲ್ಲಿ ನಾನು ಅವಳ ಒಂದು ಪಕ್ಕ, ಸೋದರತ್ತೆ ಇನ್ನೊಂದು ಪಕ್ಕ ಕೂತಿದ್ದೆವು. ತಾನೇ ಡಬ್ ಮಾಡಿದ ಸುದ್ದಿಯನ್ನು ಅವ್ವ ಅವಳಿಗೆ ಬೇಕೆಂದೇ ಹೇಳಿರಲಿಲ್ಲ. ಕೇಳಿ ತಾನೇ ಗುರುತು ಹಿಡಿಯಲಿ ಎಂದು ಕಾದಿದ್ದಳು. ತೆರೆಯ ಮೇಲೆ ದೊರೆಸಾನಿ ಬಾಯಿ ತೆರೆದಳು. ಜನ ಎಂದಿನಂತೆ ನಕ್ಕರು.

ಸೋದರತ್ತೆ ಸಿಡಿದಳು. "ಈ ಸಲಾನೂ ಆ ಉಡುಗಿ ದನಿನೇ ಆಕ್ಬುಟ್ಟವ್ರಲ್ಲ ಅತ್ತಿಗೆ, ಇವರ ಮನೆ ಆಳಾಗ!"

ನಾನು ಬಾಯಿ ತೆಗೆಯುವಷ್ಟರಲ್ಲಿ ಅವ್ವ ನನ್ನ ಕೈ ಅದುಮಿದಳು.

"ಊಂ ಕಣವ್ವ, ಅವಳ್ದೇ" ಅಂದಳು.